ಯಾವ ಕಡೆಯೋರು?

ಈ ಪ್ರಸಂಗವನ್ನು ನಾನು ಎಷ್ಟು ಸಲ ಹೇಳಿದ್ದೇನೆಂದರೆ, ಈಗ ನೆನಪಿರುವುದು ನಡೆದದ್ದೋ ನಾನು ಹೇಳುತ್ತ ಬಂದದ್ದೋ ಗೊತ್ತಾಗುವುದಿಲ್ಲ. ಕೇಳಿದವರು ನಗುತ್ತಿದ್ದರು. ಹಾಗಾಗಿ ನಗು ಬರುವ ಜಾಗವನ್ನು ಸ್ವಲ್ಪ ಹಿಗ್ಗಿಸಿದ್ದೇನೆ. ಏನನ್ನು ಬಿಟ್ಟಿದ್ದೇನೆ ಎಂಬುದೇ ಈಗಿನ ತೊಂದರೆ.

ತುರ್ತು ಪರಿಸ್ಥಿತಿ ಮುಗಿದು ಒಂದೆರಡು ವರ್ಷವಾಗಿರಬೇಕು. ಚಾಮರಾಜಪೇಟೆಯ ಒಂದು ಸೈಕಲ್ ಅಂಗಡಿಯ ಮೇಲಿನ ಕೋಣೆಯಲ್ಲಿ ನಾವು ನಾಲ್ಕು ಜನ ಸೇರುತ್ತಿದ್ದೆವು. ಬಂದೂಕು ಹಿಡಿದು ಕಾಡು ಸೇರಿ, ಆಮೇಲೆ ಜೈಲು ಕಂಡು, ಸಾಕಪ್ಪ ಎಂದು ಹೊರಬಂದವರಿಗೆ ಕೆಲಸವನ್ನೋ ಬಾಡಿಗೆ ಕೋಣೆಯನ್ನೋ ಹುಡುಕಿಕೊಡುತ್ತಿದ್ದೆವು. ನಾನು ತತ್ತ್ವಶಾಸ್ತ್ರದಲ್ಲಿ ಎಂ.ಎ. ಮಾಡಿದವನು, ಬಸವನಗುಡಿಯ ಮನೆಯವನು. ಯಾವುದನ್ನೂ ಪೂರ್ತಿ ನಂಬುವುದಿಲ್ಲ ಎಂಬುದು ನನ್ನ ಹೆಮ್ಮೆಯಾಗಿತ್ತು. ಹತ್ತು ನಿಮಿಷ ಒಂದು ಕಡೆ ಕೂತರೆ ಕಾಲು ತಾನಾಗಿ ಅಲ್ಲಾಡತೊಡಗುತ್ತಿತ್ತು.

ಆತ ಆಂಧ್ರದ ಗಡಿಯವನು. ನನ್ನದೇ ವಯಸ್ಸು, ತೆಲುಗು ಬೆರೆತ ಕನ್ನಡ. ಜಾಮೀನಿನ ಮೇಲೆ ಹೊರಗಿದ್ದ. ಒಂದು ಪ್ರೆಸ್ಸಿನಲ್ಲಿ ಅಚ್ಚಿನ ಮೊಳೆ ಜೋಡಿಸುವ ಕೆಲಸ ಸಿಕ್ಕಿತ್ತು. ಆದರೆ ಸೋಮವಾರದೊಳಗೆ ನಗರದಲ್ಲೊಂದು ಖಾಯಂ ವಿಳಾಸವನ್ನು, ಮನೆ ಮಾಲೀಕರ ಸಹಿಯ ಸಮೇತ, ಕೋರ್ಟಿಗೆ ತೋರಿಸಬೇಕಿತ್ತು. ಇಲ್ಲದಿದ್ದರೆ ಜಾಮೀನು ರದ್ದು, ಮತ್ತೆ ಜೈಲು. ಐದು ಮನೆಗಳಲ್ಲಿ ನಿಜ ಹೇಳಿ ನೋಡಿದ್ದೆವು; ಐದೂ ಕಡೆ ಬಾಗಿಲಿಂದಲೇ ವಾಪಸ್ಸು ಕಳಿಸಿದ್ದರು. ಅವತ್ತು ಶನಿವಾರ.

ಆರನೆಯದು ವಠಾರವೊಂದರ ಕೊನೆಯ ಕೋಣೆ. ಮಾಲೀಕರು ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸಾಗಿದ್ದು ನಿವೃತ್ತರಾದ ಹೆಂಗಸು. ಕಲಾಸಿಪಾಳ್ಯದಿಂದ ಬಿಸಿಲಲ್ಲಿ ನಡೆದು ಬರುತ್ತ ನಾನು ಅವನಿಗೆ ಪಾಠ ಹೇಳಿಕೊಟ್ಟೆ: ಊರು ಹೇಳು, ಕೆಲಸ ಹೇಳು, ಜೈಲಿನ ಮಾತೆತ್ತಬೇಡ, ಸಹಿ ಪ್ರೆಸ್ಸಿನವರಿಗೆ ಬೇಕಂತೆ ಎಂದು ನಾನು ಹೇಳುತ್ತೇನೆ. ನಿಜ ಮುಚ್ಚಿಟ್ಟು ಯಾರೂ ಹೊಸ ಬಾಳು ಕಟ್ಟಲಾರರು ಎಂದು ಹಿಂದಿನ ವಾರವಷ್ಟೇ ಗೆಳೆಯರೊಡನೆ ಗಂಟಲು ಹರಿದುಕೊಂಡಿದ್ದವನೂ ನಾನೇ.

ಆಕೆಯ ಹಜಾರದ ಗೋಡೆಯಲ್ಲಿ ಬುದ್ಧನ ಪಟವಿತ್ತು, ಪಕ್ಕದಲ್ಲಿ ನೀಲಿ ಕೋಟಿನವರ ಪಟ. ಯಾರ ಮನೆಗೆ ಬಂದಿದ್ದೇವೆಂದು ನನಗೆ ಆಗಲೇ ತಿಳಿದಿರಬೇಕು. ತಿಳಿಯಲಿಲ್ಲವೆಂದೇ ಮುಂದೆ ಹೇಳುತ್ತಿದ್ದೆ. ಆಕೆ ಸ್ಟೂಲಿನ ಮೇಲೆ ಎರಡು ಲೋಟ ನೀರಿಟ್ಟರು. ನಾನು ಪ್ರೆಸ್ಸಿನ ಸುಳ್ಳು ಹೇಳಿ ಮುಗಿಸಿದೆ. ಆಕೆ ನನ್ನನ್ನು ಬಿಟ್ಟು ಅವನ ಕಡೆ ತಿರುಗಿದರು.

"ನೀವು ಯಾವ ಕಡೆಯೋರು?"

ಬೆಂಗಳೂರಿನಲ್ಲಿ ಬಾಡಿಗೆ ಮನೆಗೆ ಅಲೆದವರಿಗೆಲ್ಲ ಈ ಪ್ರಶ್ನೆ ಗೊತ್ತು. ಊರು ಕೇಳಿದ ಹಾಗೆ ಮಾಡಿ ಜಾತಿ ಕೇಳುವುದು. ಆದರೆ ಅವನ ಪಕ್ಷ ಒಡೆದು ಎರಡಾಗಿತ್ತು. ಜೈಲಿಗೆ ಹೊಸಬ ಬಂದರೆ ಒಳಗಿದ್ದವರು ಮೊದಲು ಕೇಳುತ್ತಿದ್ದದ್ದು ಇದನ್ನೇ: ಯಾವ ಕಡೆ? ಆತ ಬೆನ್ನು ನೆಟ್ಟಗೆ ಮಾಡಿ ಕೂತ.

"ಒಡೆದ ಮೇಲೆ ನಾನು ಯಾವ ಕಡೆಗೂ ಹೋಗ್ಲಿಲ್ಲಮ್ಮ."

"ಅಣ್ಣತಮ್ಮಂದಿರು ಪಾಲಾದ್ರಾ?"

"ಅಲ್ಲಮ್ಮ. ಪಾರ್ಟಿ."

ಆಮೇಲೆ ಆತ ನಿಲ್ಲಲಿಲ್ಲ. ಕಾಡು, ಬಂದೂಕು, ಜೈಲು, ಸೋಮವಾರ, ಎಲ್ಲ ಹೇಳಿಬಿಟ್ಟ. ಸಹಿ ಬೇಕಾಗಿರುವುದು ಪ್ರೆಸ್ಸಿಗಲ್ಲ, ಕೋರ್ಟಿಗೆ ಎಂದೂ ಹೇಳಿದ. ನಾನು ಕೆಮ್ಮಿದೆ. ಏಳನೆಯ ಮನೆ ಎಲ್ಲಿ ಹುಡುಕುವುದೆಂದು ಯೋಚಿಸುತ್ತಿದ್ದೆ.

ಆಕೆ ಗೋಡೆಯ ಕಡೆ ಕೈ ತೋರಿಸಿದರು. "ನಾನು ಕೇಳಿದ್ದು ಅದಲ್ಲಪ್ಪ. ಹೋದ ಸಲ ಬಂದೋರು ಪಾತ್ರೆಪಡಗ ಎಲ್ಲಾ ಇಳಿಸಿದ್ಮೇಲೆ ಈ ಪಟ ನೋಡಿದ್ರು. ಮತ್ತೆ ಗಾಡಿಗೆ ಏರಿಸ್ಕೊಂಡು ಹೋದ್ರು. ನಮ್ಮನೆ ನೀರು ಕುಡೀತೀಯೋ ಇಲ್ವೋ ಮೊದಲೇ ತಿಳ್ಕೊಳೋಣ ಅಂತ ಕೇಳ್ದೆ."

ಆತ ಲೋಟ ಎತ್ತಿ ಗಟಗಟ ಕುಡಿದ.

ಆಕೆ ಕನ್ನಡಕ ತಂದು, ಕಾಗದವನ್ನು ಎರಡು ಸಲ ಓದಿ ಸಹಿ ಹಾಕಿದರು. ವಠಾರದ ಮಕ್ಕಳಿಗೆ ಬಂದೂಕಿನ ಕಥೆ ಹೇಳಬೇಡ, ಆಮೇಲೆ ನಲ್ಲಿಯ ಹತ್ತಿರ ಎಲ್ಲರೂ ಹೆದರಿ ನಿನಗೇ ಜಾಗ ಬಿಡುತ್ತಾರೆ ಎಂದು ಅವನನ್ನು ಎಚ್ಚರಿಸಿದರು. ನನಗೆ ಹೇಳಿದ್ದು ಇಷ್ಟೇ: "ಇವನಿಗೆ ಸುಳ್ಳು ಹೇಳಕ್ಕೆ ಬರಲ್ಲ ಸ್ವಾಮಿ. ನಿಮಗೂ ಅಷ್ಟಾಗಿ ಬರಲ್ಲ."

ಇಬ್ಬರೂ ನೀರು ಕುಡಿದು ಎದ್ದೆವು ಎಂದು ನಾನು ಕಥೆ ಮುಗಿಸುತ್ತಿದ್ದೆ.

ಏಳೆಂಟು ವರ್ಷದ ಮೇಲೆ ಮಲ್ಲೇಶ್ವರದ ಸಂಪಿಗೆ ರಸ್ತೆಯ ಹೋಟೆಲೊಂದರಲ್ಲಿ, ಆತ ಪಕ್ಕದಲ್ಲಿ ಕೂತಿದ್ದಾಗಲೇ, ಗೆಳೆಯರಿಗೆ ಇದನ್ನು ಹೇಳಿದೆ. ಆತ ಇನ್ನೂ ಅದೇ ಕೋಣೆಯಲ್ಲಿದ್ದ, ಅದೇ ಪ್ರೆಸ್ಸಿನಲ್ಲಿ. ಎಲ್ಲರೂ ನಕ್ಕರು, ಅವನೂ ನಕ್ಕ. ಹೊರಗೆ ಬಂದ ಮೇಲೆ ನನ್ನ ತೋಳು ಹಿಡಿದು ನಿಲ್ಲಿಸಿದ.

"ಒಂದು ಮಾತು ತಪ್ಪಾಯ್ತು ಸಾರ್. ನೀವು ಕುಡೀಲಿಲ್ಲ. ಅಮ್ಮ ಕನ್ನಡಕ ತರಕ್ಕೆ ಒಳಗೆ ಹೋದಾಗ ನಿಮ್ಮ ಲೋಟದ್ದೂ ನಾನೇ ಕುಡಿದೆ."

ಸೋಮವಾರ ಹತ್ತಿರವಿತ್ತು, ತುಂಬಿದ ಲೋಟವನ್ನು ಆಕೆ ವಾಪಸ್ಸು ತೆಗೆದುಕೊಂಡು ಹೋಗುವ ಹಾಗಾಗಬಾರದಿತ್ತು ಎಂದ. ನಾನು ವಾದಕ್ಕೆ ನಿಂತೆ. ಅಷ್ಟು ದೂರ ಬಿಸಿಲಲ್ಲಿ ನಡೆದು ಬಂದವನು ಕುಡಿಯದೆ ಇರುತ್ತೇನೆಯೇ? ನಾನು ಜಾತಿ ನಂಬುವವನೇ? ಹೆದರಿಕೆಯಲ್ಲಿದ್ದವನ ನೆನಪನ್ನು ಹೇಗೆ ನೆಚ್ಚುವುದು? "ಆಯ್ತು ಬಿಡಿ ಸಾರ್," ಎಂದು ಆತ ಬಸ್ಸು ಹತ್ತಿದ.

ಆ ಸ್ಟೀಲ್ ಲೋಟದ ಮೇಲೆ ಚುಕ್ಕಿ ಚುಕ್ಕಿಯಾಗಿ ಹೆಸರು ಕೊರೆಸಿತ್ತು. ಕೊರೆದವನು ಒಂದು ಕೊಂಬು ಬಿಟ್ಟಿದ್ದ. ಆ ಅಕ್ಷರಗಳು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿವೆ. ಬಾಯಾರಿ ಬಂದವನು ಲೋಟದ ಕಾಗುಣಿತ ತಿದ್ದುತ್ತ ಕೂರುತ್ತಾನೆಯೇ? ನೀರು ತಣ್ಣಗಿತ್ತೋ, ಉಪ್ಪುಪ್ಪಾಗಿತ್ತೋ, ಎಷ್ಟು ತಿಣುಕಿದರೂ ನೆನಪಾಗುವುದಿಲ್ಲ.

ಆಕೆಯನ್ನೇ ಕೇಳಿಬಿಡೋಣವೆಂದು ಎರಡು ಸಲ ಮನೆಯಿಂದ ಹೊರಟಿದ್ದೇನೆ. ಎರಡನೆಯ ಸಲ ವಠಾರದ ನಲ್ಲಿಯ ತನಕ ಹೋಗಿದ್ದೆ. ಕೊಡ ಇಟ್ಟು ನಿಂತಿದ್ದ ಹೆಂಗಸೊಬ್ಬಳು, ಯಾರು ಬೇಕಾಗಿತ್ತು ಎಂದು ವಿಚಾರಿಸಿದಳು. ಯಾರೂ ಇಲ್ಲ ಎಂದು ಹೇಳಿ ವಾಪಸ್ಸು ನಡೆದೆ.