ಗಂಗಮ್ಮನ ಬಳೆಯ ಅಳತೆ

ಮದಲೂರು ಕೆರೆ ಕೋಡಿ ಬಿದ್ದಿದೆ ಎಂದು ಎಲ್ಲರೂ ಹಿಗ್ಗಿದರು. ನನಗೆ ಮಾತ್ರ ಎದೆ ಹೊಡೆದುಕೊಂಡಿತು. ಅದು ನನ್ನ ಹೆಂಡತಿಯ ತವರಿನ ಕೆರೆ. ತುಂಬಿದರೆ ಮೊರದ ಬಾಗಿನ ಕೊಡುತ್ತೇನೆಂದು ಅವಳು ಗಂಗಮ್ಮನಿಗೆ ಹರಕೆ ಹೊತ್ತಿದ್ದಳು. ಕೆರೆ ತುಂಬುವ ಮೊದಲೇ ಅವಳು ಹೋದಳು. ಆಗಲೇ ತಂದಿಟ್ಟಿದ್ದ ಜೋಡಿ ಮೊರ ಅಟ್ಟದ ಮೇಲೆ ಉಳಿಯಿತು.

ಗಂಡಸು ಬಾಗಿನ ಕೊಡಬಹುದೇ, ಅದೂ ಹೆಂಡತಿ ಇಲ್ಲದವನು? ಯಾರನ್ನಾದರೂ ಕೇಳೋಣವೆಂದರೆ, ಕೂಡದು ಅಂದುಬಿಟ್ಟರೆ? ಕೇಳದೆಯೇ ಮೊರ ಇಳಿಸಿಕೊಂಡು ಹೊರಟೆ. ಗ್ಯಾಸ್ ಆರಿಸಿದೆನೋ ಇಲ್ಲವೋ ಎಂದು ಬಸ್‌ಸ್ಟ್ಯಾಂಡಿನಿಂದ ವಾಪಸ್ ಬಂದು ನೋಡಿದೆ. ಆ ದಿನ ಒಲೆ ಹಚ್ಚಿರಲೇ ಇಲ್ಲ.

ಶಿರಾ ಪೇಟೆಯಲ್ಲಿ ಬಳೆ ಅಂಗಡಿಯ ಸಾಬರು, "ಸೈಜ್ ಎಷ್ಟು ಸಾರ್?" ಅಂದರು.

"ಬಾಗಿನಕ್ಕೆ. ಗಂಗಮ್ಮನಿಗೆ."

"ಆಯ್ತು, ಗಂಗಮ್ಮಂದೇ ಸೈಜ್ ಹೇಳಿ."

ಬಾಯಿ ತಾನಾಗಿ "ಎರಡೂ ಕಾಲು" ಅಂದಿತು. ಅದು ಅವಳ ಅಳತೆ.

ಕೆರೆ ಏರಿಯ ಕೆಳಗೆ, ನೀರಿನಂಚಿನಲ್ಲಿ ಮುದುಕಿಯೊಬ್ಬಳು ಪೂಜೆ ಮುಗಿಸಿ ಬುಟ್ಟಿ ಕಟ್ಟುತ್ತಿದ್ದಳು. ನನ್ನ ಕೈಯಲ್ಲಿದ್ದ ಮೊರ ನೋಡಿ, "ಹೆಂಗಸ್ರು ಬರ್ಲಿಲ್ವೇನಪ್ಪ?" ಅಂದಳು.

"ತೀರಿಕೊಂಡ್ಳು ಕಣಮ್ಮ. ಹರಕೆ ಅವಳದು. ನೀವೇ ಬಿಡ್ತೀರಾ?"

"ನಾನ್ಯಾಕ್ ಬುಡ್ಲಿ? ಮಂತ್ರಿಗಳು ಡ್ಯಾಮಿಗೆ ಬುಡಲ್ವಾ? ಅವ್ರೇನು ಸೀರೆ ಉಟ್ಕಂಡಿರ್ತಾರಾ? ನೀನೇ ಬುಡು."

ಬಿಟ್ಟೆ. ಗಾಳಿಗೆ ಮೊರ ಒಂದು ಸುತ್ತು ತಿರುಗಿ ನನ್ನ ಕಾಲ ಬಳಿಗೇ ಬಂತು.

"ಗಂಗಮ್ಮ ಒಪ್ಪಲಿಲ್ಲವೇನೋ!"

"ಗಾಳಿ ಕಣಪ್ಪ ಅದು. ದಡದಾಗೇ ನಿಂತ್ಕಂಡು ಬುಟ್ರೆ ಎಲ್ಲಿಗೋಯ್ತದೆ? ಒಳಿಕ್ ಇಳಿ." ಬುಟ್ಟಿ ಹೊತ್ತು ಅವಳು ಏರಿ ಹತ್ತಿ ಹೋದಳು.

ಮೊರ ತಿರುಗಿ ಬಂದದ್ದಕ್ಕೆ ಹೆದರಿದೆ ಅಂದುಕೊಂಡಿದ್ದೆ. ಒಬ್ಬನೇ ಆದ ಮೇಲೆ ಗೊತ್ತಾಯಿತು, ನನಗೆ ಒಳಗೊಳಗೇ ಖುಷಿಯಾಗಿತ್ತು. ಕೆರೆ ತುಂಬದಿರುವಷ್ಟು ಕಾಲ ನಮ್ಮಿಬ್ಬರದು ಅಂತ ಒಂದು ಕೆಲಸ ಬಾಕಿ ಇತ್ತು. ಇದಾದರೆ ಮತ್ತೇನೂ ಇಲ್ಲ.

ಪ್ಯಾಂಟು ಮಡಿಸಿದೆ. ಈಜು ಬಾರದವನು, ಮೊಣಕಾಲು ಮುಳುಗುವಷ್ಟು ದೂರ ಹೋಗಿ ಮೊರ ಹಿಡಿದುಕೊಂಡೇ ನಿಂತೆ. ಅಲೆ ಬಡಿದಾಗ ಒಳಗೆ ಬಳೆಗಳು ಒಂದಕ್ಕೊಂದು ತಾಕಿ ಸದ್ದಾಯಿತು. ಅದು ನಿಲ್ಲಲಿ ಎಂದು ಕಾದೆ. ಆಮೇಲೆ ತಳ್ಳಿದೆ.