ಹಾಕಿದ್ದು ಎಷ್ಟು, ಭಿಕ್ಷಾ ಎಷ್ಟು

ಆ ವಹಿ ಈಗಲೂ ನನ್ನ ಹತ್ತಿರ ಇದೆ. ಬೈಂಡಿನ ದಾರ ಸಡಿಲಾಗಿದೆ, ಮೂರು ಪುಟ ಇಲಿ ತಿಂದಿವೆ. ಉದಗೀರದ ಬಾಸ್ಕೆಟ್‌ಬಾಲ್ ತಂಡ ನಾಲ್ಕು ವರ್ಷ ಆಡಿದ ಪಂದ್ಯಗಳ ಲೆಕ್ಕ ಅದರಲ್ಲಿದೆ. ಬರೆದವನು ನಾನೇ. ಹಾಗಿದ್ದೂ ಅದರಲ್ಲಿನ ಕೆಲವು ಅಂಕಿಗಳನ್ನು ಇಂದು ನನಗೇ ಓದಲು ಬರುವುದಿಲ್ಲ. ಅದಕ್ಕೇ ಈ ಸಂಗತಿ ಬರೆಯುವಾಗ, ವಹಿಯಲ್ಲಿ ಇದ್ದದ್ದು ಯಾವುದು, ನೆನಪಿನಿಂದ ತಂದದ್ದು ಯಾವುದು ಎಂದು ಬೇರೆಬೇರೆಯಾಗಿ ಹೇಳಲು ನೋಡುತ್ತೇನೆ.

ಪೊಲೀಸ್ ಆ್ಯಕ್ಷನ್ ಆದ ಮರುವರ್ಷ ನಾನು ಹೈದರಾಬಾದಿನಿಂದ ಬಿ.ಎ. ಮುಗಿಸಿ ಉದಗೀರದ ಹೈಸ್ಕೂಲಿಗೆ ಇತಿಹಾಸ ಕಲಿಸಲು ಬಂದೆ. ಮನೆಯಲ್ಲಿ ಕನ್ನಡ, ಪೇಟೆಯಲ್ಲಿ ಮರಾಠಿ, ಸಾಲಿಯಿಂದ ಡಿಗ್ರಿಯವರೆಗೆ ಉರ್ದು. ದಿನಚರಿಯನ್ನು ಕನ್ನಡದಲ್ಲಿ ಬರೆಯುತ್ತಿದ್ದೆ. ಆದರೆ ಅಂಕಿ ಬಂದ ಕೂಡಲೇ ಕೈ ತಾನಾಗಿ ಉರ್ದುವಿಗೆ ಹೊರಳುತ್ತಿತ್ತು. ಕೂಡಿಸುವುದು ಕಳೆಯುವುದನ್ನು ಯಾವ ಭಾಷೆಯಲ್ಲಿ ಕಲಿತಿರುತ್ತೇವೋ ಕೈ ಅದನ್ನು ಸುಲಭಕ್ಕೆ ಬಿಡುವುದಿಲ್ಲ. ಉರ್ದುವಿನಲ್ಲಿ ಐದು ಬರೆದರೆ ಒಂದು ಗುಂಡಗಿನ ಗೆರೆ, ನೋಡಲು ನಮ್ಮ ಸೊನ್ನೆಯ ಹಾಗೆ. ಸೊನ್ನೆಗೆ ಬರೀ ಒಂದು ಚುಕ್ಕೆ. ಇಷ್ಟು ಗೊತ್ತಿದ್ದರೆ ಮುಂದಿನದು ತಿಳಿಯುತ್ತದೆ.

ಆಟದ ಅಂಗಳ ಕೋಟೆಯ ಕಡೆಗಿತ್ತು. ಹಿಂದಿದ್ದ ಡ್ರಿಲ್ ಮಾಸ್ತರು ಊರು ಬಿಟ್ಟು ಹೋಗುವಾಗ ಎರಡು ಕಂಬ, ಒಂದು ತೊಗಲಿನ ಚೆಂಡು ಬಿಟ್ಟುಹೋಗಿದ್ದರು. ಕಂಬದ ಮೇಲೆ ಚೆಂಡು ಹಾಕುವ ಬಳೆಗಳು ತುಕ್ಕು ಹಿಡಿದು ಬಿದ್ದಾಗ ಕಮ್ಮಾರನು ಗಾಡಿಯ ಗಾಲಿಗೆ ಹಾಕುವ ಕಬ್ಬಿಣದ ಪಟ್ಟಿಯಿಂದ ಹೊಸವು ಮಾಡಿಕೊಟ್ಟ. ಒಂದು ಬಳೆ ಇನ್ನೊಂದಕ್ಕಿಂತ ನಾಲ್ಕು ಬೆರಳು ಅಗಲ. ನಮ್ಮವರು ಯಾವಾಗಲೂ ಎರಡನೇ ಅರ್ಧದಲ್ಲಿ ಅಗಲ ಬಳೆಯ ಕಡೆ ಆಡುವಂತೆ ಟಾಸ್ ಗೆಲ್ಲಲು ಬಯಸುತ್ತಿದ್ದರು. ಊರವರು ಅದನ್ನು ಬುಟ್ಟಿ ಆಟ ಎನ್ನುತ್ತಿದ್ದರು.

ತಂಡದಲ್ಲಿ ಎಲ್ಲರಿಗಿಂತ ಎತ್ತರ, ಎಲ್ಲರಿಗಿಂತ ಚುರುಕು ಉಮರ್ಗಾ ಹತ್ತಿರದ ದಾಳಿಂಬ ಎಂಬ ಊರಿನ ಒಬ್ಬ ಜಂಗಮ. ಮಠದಲ್ಲಿ ಉಳಿದು ನಮ್ಮ ಶಾಲೆಯಲ್ಲೇ ಮ್ಯಾಟ್ರಿಕ್ ಮುಗಿಸಿ, ಆಟಕ್ಕಾಗಿ ಊರಿಗೆ ಹೋಗದೆ ಉಳಿದವರು. ನನಗಿಂತ ಆರು ವರ್ಷ ಚಿಕ್ಕವರು, ನನ್ನ ವಿದ್ಯಾರ್ಥಿ. ಆದರೂ ನಾನು ಒಕ್ಕಲು ಮನೆತನದವನು. ನಮ್ಮ ಮನೆಗಳಲ್ಲಿ ಪೂಜೆಗೆ ಬರುವ ಅಯ್ಯನವರನ್ನು ಏಕವಚನದಲ್ಲಿ ಕರೆದು ರೂಢಿಯಿಲ್ಲ. ತರಗತಿಯಲ್ಲಿ ಉತ್ತರ ತಪ್ಪಿದಾಗಲೂ "ಕೂಡ್ರಿ ಐನೋರ" ಎನ್ನುತ್ತಿದ್ದೆ. ಹುಡುಗರು ನಗುತ್ತಿದ್ದರು.

ಆಡುವವರಿಗೆ ಅಷ್ಟು ಭಯಭಕ್ತಿ ಇರಲಿಲ್ಲ. ಐನೋರ ಕೈಯಲ್ಲಿ ಚೆಂಡು ಇದ್ದಾಗ ಅದು ತನಗೆ ಬೇಕೆನಿಸಿದವನು ಕೈಚಾಚಿ "ಭಿಕ್ಷಾ!" ಎಂದು ಕೂಗುತ್ತಿದ್ದ. ದಿನಾ ಬೆಳಗ್ಗೆ ಜೋಳಿಗೆ ಹಿಡಿದು ನಾಲ್ಕು ಮನೆ ತಿರುಗುವ ಮನೆತನದವರನ್ನು ಹಿಡಿದು ಮಾಡಿದ ಕುಚೋದ್ಯ ಅದು. ಮೊದಲ ಸಲ ಕೂಗಿದವನಿಗೆ ಐನೋರು ಹೇಳಿದ್ದು ನನ್ನ ವಹಿಯ ಅಂಚಿನಲ್ಲಿದೆ:

"ಇಷ್ಟ ದಿನ ನಿಮ್ಮ ಮನ್ಯಾಗ ಬೇಡೀನಿ. ಈಗ ನೀವು ಬೇಡ್ರಿ. ಲೆಕ್ಕ ಚುಕ್ತಾ."

ಆಮೇಲೆ ಕೂಗು ಹಾಗೇ ಉಳಿಯಿತು. ನಮ್ಮ ಎದುರು ಆಡುತ್ತಿದ್ದ ನಿಲಂಗಾದವರಿಗೂ ಉಮರ್ಗಾದವರಿಗೂ ಅದು ಅರ್ಥವಾಗುತ್ತಿತ್ತು. ಮರಾಠಿಯಲ್ಲೂ ಅದೇ ಶಬ್ದ. ಎದುರು ತಂಡದವರು ತಾವೂ "ಭಿಕ್ಷಾ" ಎಂದು ಕೂಗಿ ಮೋಸ ಮಾಡಲು ನೋಡುತ್ತಿದ್ದರು. ಐನೋರು ದನಿ ಗುರುತು ಹಿಡಿಯುತ್ತಿದ್ದರು.

ಹೀಗಾಗಿ ನನ್ನ ವಹಿಯಲ್ಲಿ ಎರಡು ಕಾಲಂ. ಒಂದರ ತಲೆಗೆ 'ಹಾಕಿದ್ದು', ಅಂದರೆ ಸ್ವತಃ ಗಳಿಸಿದ ಅಂಕ. ಇನ್ನೊಂದರ ತಲೆಗೆ 'ಭಿಕ್ಷಾ', ಅಂದರೆ ಅವರು ಕೊಟ್ಟ ಚೆಂಡನ್ನು ಇನ್ನೊಬ್ಬ ಬುಟ್ಟಿಗೆ ಹಾಕಿದ ಸಲ. ಎರಡನೆಯದನ್ನು ಬರೆಯಬೇಕೆಂದು ಯಾರೂ ಹೇಳಿರಲಿಲ್ಲ. ಅದಕ್ಕೆ ನಿಯಮವೂ ಇರಲಿಲ್ಲ. ಚೆಂಡು ಪಡೆದವನು ಒಂದು ಸಲ ನೆಲಕ್ಕೆ ಬಡಿದು ಹಾಕಿದರೆ ಲೆಕ್ಕಕ್ಕೆ ಬರುತ್ತದೋ ಇಲ್ಲವೋ ಎಂದು ಒಂದು ಸಂಜೆಯೆಲ್ಲ ವಾದವಾಯಿತು. ಕೊನೆಗೆ ಒಬ್ಬ, "ನೆಲಕ್ಕ ಬಿದ್ದ ಭಿಕ್ಷಾ ಯಾರ ತಗೋತಾರ? ಕೆಡ್ತದ," ಎಂದ. ಅದೇ ನಿಯಮವಾಯಿತು. ಎರಡೂ ಕಾಲಮ್ಮಿನಲ್ಲಿ ಹತ್ತು ಅಥವಾ ಹೆಚ್ಚು ಬಂದ ಪಂದ್ಯದ ಕೆಳಗೆ ನಾನು ಕೆಂಪು ಗೆರೆ ಎಳೆಯುತ್ತಿದ್ದೆ. ಅಂಥ ಪಂದ್ಯಕ್ಕೆ 'ಜೋಡಿ' ಎಂದು ಹೆಸರು. ಬೇರೆ ಯಾರಿಗೂ ಜೋಡಿ ಆಗಲಿಲ್ಲ. ಐನೋರಿಗೆ ಮೇಲಿಂದ ಮೇಲೆ ಆಯಿತು. ಎಲ್ಲಕ್ಕಿಂತ ದೊಡ್ಡದು ಉಮರ್ಗಾದವರ ಮೇಲೆ: ಹಾಕಿದ್ದು ಇಪ್ಪತ್ತೈದು, ಭಿಕ್ಷಾ ಹದಿನೈದು.

ಆ ಹೊತ್ತಿಗೆ ಬೀದರ ಜಿಲ್ಲೆಯಿಂದ ಉದಗೀರ, ನಿಲಂಗಾ ಎರಡೂ ತಪ್ಪಿ ಮುಂಬಯಿ ರಾಜ್ಯಕ್ಕೆ ಸೇರಿದವು. ಶಾಲೆಯ ಕಾಗದಪತ್ರವೆಲ್ಲ ಮರಾಠಿಗೆ ಹೊರಳಿತು. ನಾನೂ ಅಂಕಿ ಬದಲಿಸಲು ಪ್ರಯತ್ನಪಟ್ಟೆ. ಆ ಪ್ರಯತ್ನದ ಫಲವಾಗಿ ಕೆಲವು ಪುಟಗಳಲ್ಲಿ ಒಂದೇ ಸಾಲಿನಲ್ಲಿ ಉರ್ದು ಅಂಕಿಯೂ ಮರಾಠಿಯ ನಾಗರಿ ಅಂಕಿಯೂ ಕೂಡಿ ಕೂತಿವೆ.

ಅದೇ ವರ್ಷ ಐನೋರಿಗೆ ಊರಿನಿಂದ ಕರೆ ಬಂತು. ಅಪ್ಪನ ಮೊಣಕಾಲು ಸೋತಿದ್ದವು. ಭಕ್ತರ ಮನೆಗಳ ಕೆಲಸಕ್ಕೆ ಮಗ ಬರಬೇಕು ಎಂದು ಹೇಳಿ ಕಳಿಸಿದ್ದರು. ಅದಕ್ಕೆ ಐನೋರ ಮನಸ್ಸಿನಲ್ಲಿ ಬೇಸರವಿರಲಿಲ್ಲ. ಆದರೆ ದಾಳಿಂಬದಲ್ಲಿ ಚೆಂಡೂ ಇಲ್ಲ, ಬಳೆಯೂ ಇಲ್ಲ. ಆಗಲೇ ಉಮರ್ಗಾದ ಶಾಲೆಯೊಂದರಲ್ಲಿ ಆಟದ ಮಾಸ್ತರರ ಜಾಗ ಖಾಲಿ ಇದೆಯೆಂದು ತಿಳಿಯಿತು.

"ಅದು ಸಿಕ್ರ ಮುಂಜಾನೆ ಮನಿಗೋಳು ಮುಗಿಸಿ ಬಸ್ ಹಿಡದ ಸಾಲಿಗೆ ಹೋಗಬಹುದ್ರಿ, ಮಾಸ್ತರ," ಎಂದರು ಐನೋರು. "ಸಿಗದಿದ್ರ ಬರೇ ಮನಿಗೋಳು."

ಅರ್ಜಿಯ ಜೊತೆ ಆಟದ ದಾಖಲೆಯನ್ನು ಮರಾಠಿಯಲ್ಲಿ ಕೇಳಿದ್ದರು. ನನ್ನ ಮರಾಠಿ ಅಕ್ಷರ ಕೋಳಿ ಕೆದರಿದ ಹಾಗೆ. ನಮ್ಮ ಶಾಲೆಗೆ ಹೊಸದಾಗಿ ಸೋಲಾಪುರದ ಕಡೆಯಿಂದ ಬಂದಿದ್ದ ಮರಾಠಿ ಮಾಸ್ತರರ ಅಕ್ಷರ ಮುತ್ತಿನಂಥದು, ಕನ್ನಡವೂ ಬರುತ್ತಿತ್ತು. ವಹಿ ಅವರಿಗೆ ಕೊಟ್ಟೆ.

"ಉರ್ದು ಅಂಕಿ ಬರ್ತಾವೇನ್ರಿ?" ಎಂದು ಕೇಳಿದ್ದು ನನಗೆ ನೆನಪಿದೆ.

"ಅಹೋ, ಇಲ್ಲಿ ರಸ್ತಾದ ಉರ್ದು ಮೈಲಿಗಲ್ಲ ಎಲ್ಲಾ ಓದಕೋತನ ಬಂದೀನಲ್ರಿ," ಎಂದರು ಅವರು.

ಕೇಳಿದ್ದೆನೆಂಬ ನೆನಪು ನನಗೆ ಅನುಕೂಲವಾದದ್ದು. ಆದ್ದರಿಂದ ಅದರ ಮೇಲೆ ಸಂಶಯವಿದೆ. ಅವರು ಬರೆದುಕೊಟ್ಟ ಪ್ರತಿಗೆ ಓದದೆ ಸಹಿ ಮಾಡಿದೆ ಎಂಬುದರಲ್ಲಿ ಮಾತ್ರ ಸಂಶಯವಿಲ್ಲ. ಪರೀಕ್ಷೆಯ ಉತ್ತರಪತ್ರಿಕೆ ರಾಶಿ ಬಿದ್ದಿದ್ದವು.

ಹತ್ತು ಹನ್ನೆರಡು ದಿನಕ್ಕೆ ಉಮರ್ಗಾದ ಹೆಡ್ ಮಾಸ್ತರರ ಕಾರ್ಡು ಬಂತು. ಒಂದು ಪಂದ್ಯದಲ್ಲಿ ಎರಡು ಅಂಕ ಹಾಕಿ ಒಂದು ಸಲ ಚೆಂಡು ಕೊಟ್ಟವರ ಸಾಲಿನ ಕೆಳಗೆ ಕೆಂಪು ಗೆರೆ ಎಳೆದು ಹೆಮ್ಮೆಪಟ್ಟಿದ್ದೀರಿ, ಕಾರಣ ತಿಳಿಯಲಿಲ್ಲ, ಮೂಲ ವಹಿ ತೆಗೆದುಕೊಂಡು ಅಭ್ಯರ್ಥಿಯ ಸಮೇತ ಬನ್ನಿ ಎಂದಿತ್ತು. ಶಾಲೆಯಲ್ಲಿ ಇಟ್ಟುಕೊಂಡಿದ್ದ ಆ ದಾಖಲೆಯ ನಕಲನ್ನು ನಾನು ತೆಗೆದು ನೋಡಿದೆ. ಐದೆಲ್ಲ ಸೊನ್ನೆಯಾಗಿದ್ದವು. ಸೊನ್ನೆಯ ಚುಕ್ಕೆಗಳನ್ನು ಮರಾಠಿ ಮಾಸ್ತರರು ಮಸಿಯ ಕಲೆ ಎಂದು ಬಿಟ್ಟಿದ್ದರು. ಇಪ್ಪತ್ತು ಇದ್ದದ್ದು ಎರಡು, ಹತ್ತು ಇದ್ದದ್ದು ಒಂದು, ಹದಿನೈದು ಇದ್ದದ್ದು ಹತ್ತು. ಅವರಿಗೆ ತೋರಿಸಿದಾಗ ಒಂದೊಂದೇ ಐದರ ಮೇಲೆ ಬೆರಳಿಟ್ಟು ನೋಡಿದರು. ಆಮೇಲೆ, "ಹಂಗಾದ್ರ ನಾ ಇಷ್ಟ ದಿನ ಯಾವ ಊರು ಎಷ್ಟ ದೂರ ಅಂತ ತಿಳಕೊಂಡೀನೋ," ಎಂದರು.

ಐನೋರೂ ನಾನೂ ನಿಲಂಗಾದಲ್ಲಿ ಬಸ್ ಬದಲಿಸಿ ಉಮರ್ಗಾಕ್ಕೆ ಹೋದೆವು. ದಾರಿಯುದ್ದಕ್ಕೂ ವಹಿ ನನ್ನ ತೊಡೆಯ ಮೇಲೆ. ಐನೋರು ಕಿಟಕಿಗೆ ತಲೆಕೊಟ್ಟು ನಿದ್ದೆ ಹೋದರು.

ಹೆಡ್ ಮಾಸ್ತರರು ನನ್ನಂತೆಯೇ ಉರ್ದುವಿನಲ್ಲಿ ಓದಿದವರು. ವಹಿ ತೆರೆದದ್ದೇ ತಡ, ಹಳೆಯ ಗೆಳೆಯನನ್ನು ಕಂಡಂತೆ ಮುಖ ಅರಳಿತು.

"ಅರೇ, ಇದು ಪಾಂಚ್ ಅದ ಅಲ್ರೀ," ಎಂದರು. "ಪಚ್ಚೀಸ್, ಪಂದ್ರಾ. ತಂಡದ ಒಟ್ಟು?"

ಒಟ್ಟು ಅಂಕವನ್ನು ಪುಟದ ಕೆಳಗೆ ಅಕ್ಷರದಲ್ಲಿ ಬರೆದಿದ್ದೆ: ಐವತ್ತೇಳು. ಅವರು ಬೆರಳ ಮೇಲೆ ಕೂಡಿಸಿದರು. ಇಪ್ಪತ್ತೈದು, ಭಿಕ್ಷಾದಿಂದ ಮೂವತ್ತು, ಇನ್ನಾರೋ ಹಾಕಿದ್ದು ಎರಡು. "ಬರಾಬರ್," ಎಂದು ಮುಂದಿನ ಪುಟಕ್ಕೆ ಹೋದರು. ಹೀಗೆ ಒಂದೊಂದೇ ಜೋಡಿ ತಿದ್ದಿಕೊಂಡು ಹೋದಂತೆ ನನ್ನ ಎದೆ ಹಗುರವಾಯಿತು.

ನಿಲಂಗಾದ ಒಂದು ಪಂದ್ಯದ ಸಾಲಿಗೆ ಬಂದಾಗ ಅವರ ಬೆರಳು ನಿಂತಿತು.

"ಖರೆ ಹೇಳಬೇಕಂದ್ರ ಇದಕ್ಕೇ ನಾ ಕರಸಿದ್ದು, ಮಾಸ್ತರ. ನಮ್ಮ ಕಮಿಟ್ಯಾಗ ನಿಲಂಗಾದವರೊಬ್ಬರು ಅದಾರ. ಈ ಪಂದ್ಯ ಕಣ್ಣಾರೆ ನೋಡ್ಯಾರಂತ. ಹುಡುಗ ಚಲೋ ಆಡ್ತಾನ ಖರೆ, ಆದ್ರ ಯಾರಿಗೂ ಚೆಂಡ ಕೊಡಂಗಿಲ್ಲ, ಇಂಥಾಂವ ಸಾಲಿ ಹುಡುಗುರಿಗೆ ಏನ ಕಲಸ್ತಾನ ಅಂತಾರ. ನೀವ ಹೇಳ್ರಿ. ಇದು ಐದೋ ಸೊನ್ನಿಯೋ?"

ಹಾಕಿದ್ದು ಇಪ್ಪತ್ತೆಂಟು. ಅದರಲ್ಲಿ ಎರಡು ಉರ್ದುವಿನದು, ಎಂಟು ನಾಗರಿಯದು. ಭಿಕ್ಷಾದ ಕೆಳಗೆ ಒಂದು ಗುಂಡಗಿನ ಗೆರೆ. ಉರ್ದು ಎಂದುಕೊಂಡರೆ ಐದು, ನಾಗರಿ ಎಂದುಕೊಂಡರೆ ಸೊನ್ನೆ. ಒಟ್ಟು ನಲವತ್ತು. ಉಳಿದ ಹನ್ನೆರಡನ್ನು ಬೇರೆಯವರು ಹಾಕಿದ್ದಾರೆ, ಅವರಿಗೆ ಚೆಂಡು ಕೊಟ್ಟವರು ಯಾರು? ಆ ದಿನದ ದಿನಚರಿಯಲ್ಲಿ ಮೂರೇ ಶಬ್ದ: ನಿಲಂಗಾ, ಸೋಲು, ಬಿಸಿಲು.

ಐದು ಎಂದರೆ ಕಮಿಟಿಯವರ ಬಾಯಿ ಮುಚ್ಚುತ್ತಿತ್ತು. ಐದು ಎನ್ನಲು ನಾನು ಬಾಯಿ ತೆರೆದಿದ್ದೆ. ಅದು ಸುಳ್ಳು ಎಂದು ತಿಳಿದೇ ತೆರೆದೆನೋ, ಐದೇ ಇರಬೇಕು ಎಂದು ಆ ಕ್ಷಣಕ್ಕೆ ನಂಬಿದ್ದೆನೋ, ಅದು ವಹಿಯಲ್ಲೂ ಇಲ್ಲ, ನೆನಪಿನಲ್ಲೂ ಇಲ್ಲ.

"ಸೊನ್ನಿರೀ," ಎಂದರು ಐನೋರು, ಬಾಗಿಲ ಹತ್ತಿರ ನಿಂತಲ್ಲಿಂದಲೇ.

ಹೆಡ್ ಮಾಸ್ತರರು ಕನ್ನಡಕದ ಮೇಲಿಂದ ನೋಡಿದರು. "ಖಾತ್ರಿ ಅದ?"

"ಅದ್ರಿ. ಅವತ್ತ ನಮ್ಮವ್ವ ಹೋಳಿಗಿ ಕಟ್ಟಿ ಕಳಿಸಿದ್ರು. ಬಸ್ಸಿನಾಗ ನಾ ಮಲಗಿದ್ದೆ. ನಮ್ಮವರು ಬುತ್ತಿ ಬಿಚ್ಚಿ ಎಲ್ಲಾ ತಿಂದ ಬಿಟ್ಟಿದ್ರು. ಅದಕ್ಕ ನಾ ಯಾರಿಗೂ ಕೊಡಲಿಲ್ಲ."

"ಹೋಳಿಗಿಗೆ ಇಷ್ಟ ಸಿಟ್ಟೇನ್ರಿ, ಸ್ವಾಮಿ?"

"ತಿಂದದ್ದಕ್ಕ ಅಲ್ರಿ. ಚೆಂಡ ಬೇಕಾದ್ರ ಗಂಟಲ ಹರಕೊಂಡ ಭಿಕ್ಷಾ ಅಂತಾರ. ಹೋಳಿಗಿಗೆ ಒಬ್ಬರೂ ಬೇಡಲಿಲ್ಲ."

"ಎಷ್ಟಿದ್ವು?"

"ಎಂಟ್ರಿ."

ಹೆಡ್ ಮಾಸ್ತರರು ಪುಟ ತಿರುವಿದರು. ಮುಂದಿನ ಪಂದ್ಯವೂ ನಿಲಂಗಾದವರ ಮೇಲೆಯೇ, ಎಂಟು ದಿನದ ನಂತರ ಉದಗೀರದಲ್ಲಿ. ಹಾಕಿದ್ದು ಹನ್ನೆರಡು, ಭಿಕ್ಷಾ ಹದಿನೇಳು. ಕೆಳಗೆ ಕೆಂಪು ಗೆರೆ.

"ಸಿಟ್ಟ ಹ್ಯಾಂಗ ಇಳೀತು?"

"ನಾಕೂ ಮಂದಿ ಮನಿಯಿಂದ ಶೇಂಗಾ ಹೋಳಿಗಿ ತಂದಿದ್ರಿ. ಮಠಕ್ಕ ಬಂದು, ಐನೋರ, ಭಿಕ್ಷಾ ತಗೋರಿ ಅಂದ್ರು. ಇನ್ನ ಏನ ಮಾಡಲಿ?"

ಆಗ ಹೆಡ್ ಮಾಸ್ತರರು ನಕ್ಕ ನಗು ಪಕ್ಕದ ತರಗತಿಗೂ ಕೇಳಿಸಿರಬೇಕು. ಅಲ್ಲಿ ಬಾಯಿಪಾಠ ಮಾಡುತ್ತಿದ್ದ ಮಕ್ಕಳು ಒಮ್ಮೆಲೇ ಸುಮ್ಮನಾದರು. ಕಣ್ಣೊರೆಸಿಕೊಂಡು ಅವರು, "ನಿಲಂಗಾದ ಸಾಹೇಬರಿಗೆ ಇದ್ದದ್ದ ಇದ್ದಂಗ ಹೇಳ್ತೀನಿ. ಅವರ ಮನ್ಯಾಗೂ ಹೋಳಿಗಿ ಮಾಡ್ತಾರ," ಎಂದರು. ಆಮೇಲೆ ಮಸಿಯ ದೌತಿಯನ್ನು ನನ್ನ ಕಡೆ ಸರಿಸಿದರು. "ಮಾಸ್ತರ, ಇದನ್ನ ಈಗೇ ಸರಿ ಮಾಡ್ರಿ. ಮುಂದ ಯಾರ ಓದಿದ್ರೂ ತಿಳೀಲಿ."

ಹದಿನೈದು ದಿನಕ್ಕೆ ನೇಮಕದ ಪತ್ರ ಬಂತು. ಐನೋರು ದಾಳಿಂಬದಲ್ಲಿ ಬೆಳಗಿನ ಮನೆಗಳನ್ನು ಮುಗಿಸಿ, ಹಣೆಯ ವಿಭೂತಿ ಆರುವ ಮೊದಲೇ ಬಸ್ಸು ಹತ್ತಿ ಉಮರ್ಗಾಕ್ಕೆ ಬಂದು ಸೀಟಿ ಊದುತ್ತಿದ್ದರು. ಮುಂದಿನ ಚಳಿಗಾಲ ಅವರು ತಯಾರು ಮಾಡಿದ ಹುಡುಗರು ಉದಗೀರಕ್ಕೆ ಬಂದು ನಮ್ಮ ಶಾಲೆಯವರನ್ನು ಸೋಲಿಸಿದರು. ಅವರಲ್ಲಿ ತುರೋರಿ ಎಂಬ ಹಳ್ಳಿಯ ಒಬ್ಬ ಗಿಡ್ಡ ಹುಡುಗ ನಮ್ಮ ಅಂಗಳದಲ್ಲಿ ನಿಂತು "ಭಿಕ್ಷಾ!" ಎಂದು ಕೂಗಿದಾಗ ನಮ್ಮ ಹಳೆಯ ಆಟಗಾರರು ಒಬ್ಬರ ಮುಖ ಒಬ್ಬರು ನೋಡಿದರು. ಆ ಹುಡುಗನಿಗೆ ಅದು ಆಟದ ಶಬ್ದ ಅಷ್ಟೇ ಆಗಿತ್ತು.

ಹೋಳಿಗೆಯ ಬುತ್ತಿ ಬಸ್ಸಿನಲ್ಲಿ ಬಿಚ್ಚಿದ್ದು, ಎಣ್ಣೆ ಹತ್ತಿದ ಬೆರಳುಗಳನ್ನು ನಮ್ಮ ಆಟಗಾರರು ಸೀಟಿಗೆ ಒರೆಸಿದ್ದು, ಎಲ್ಲವೂ ಇಂದು ನನ್ನ ಕಣ್ಣಿಗೆ ಕಟ್ಟಿದಂತಿದೆ. ಆದರೆ ನಾನು ಮುಂದಿನ ಸೀಟಿನಲ್ಲಿ ಕೂತಿದ್ದವನು, ತಿರುಗಿ ನೋಡಿದ್ದೆನೆಂಬ ಖಾತ್ರಿ ಇಲ್ಲ. ಐನೋರ ಮಾತು ಕೇಳಿದ ಮೇಲೆ ಕಟ್ಟಿಕೊಂಡ ಚಿತ್ರವಿರಬಹುದು. ಒಂದು ಹೋಳಿಗೆ ನನ್ನ ಪಾಲಿಗೂ ಬಂದಿತ್ತೋ ಎಂಬ ಅನುಮಾನವೂ ಆಗಾಗ ಬರುತ್ತದೆ. ವಹಿಯಲ್ಲಿ ಅದರ ಬಗ್ಗೆ ಏನೂ ಇಲ್ಲ. ಅದರಲ್ಲಿ ಇರುವುದು ಇಷ್ಟು: ನಿಲಂಗಾದ ಸಾಲಿನಲ್ಲಿ, ಭಿಕ್ಷಾದ ಕೆಳಗೆ, ಗುಂಡಗಿನ ಗೆರೆಯ ನಟ್ಟನಡುವೆ, ಬೇರೆ ಮಸಿಯಲ್ಲಿ, ಹೆಡ್ ಮಾಸ್ತರರ ಟೇಬಲ್ಲಿನ ಮೇಲೆ ನಾನು ಇಟ್ಟ ಒಂದು ಚುಕ್ಕೆ. ನಾಗರಿಯಲ್ಲಿ ಓದಿದರೂ ಸೊನ್ನೆ, ಉರ್ದುವಿನಲ್ಲಿ ಓದಿದರೂ ಸೊನ್ನೆ.