ಸಾಯಲೊಲ್ಲದ ಅಜ್ಜಿ

ಬೆಂಗಳೂರಿನ ಸಿನಿಮಾ ನಿರ್ದೇಶಕರೊಬ್ಬರು ನನ್ನನ್ನು ಕಾಸ್ಟಿಂಗ್ ಡೈರೆಕ್ಟರ್, ಅಂದರೆ ಪಾತ್ರಗಳಿಗೆ ಜನ ಹುಡುಕುವವಳನ್ನಾಗಿ ಮಾಡಿದ್ದು ನನ್ನ ಪ್ರತಿಭೆ ಕಂಡಲ್ಲ. ನನಗೆ ತೆಲುಗು ಬರುತ್ತಿತ್ತು, ಸ್ಕೂಟರೂ ಇತ್ತು. ಚಿಕ್ಕಬಳ್ಳಾಪುರದ ಕಾಲೇಜಿನಲ್ಲಿ ಮಕ್ಕಳಿಂದ ನಾಟಕ ಆಡಿಸುತ್ತಿದ್ದ ನನಗೆ ಆ ಬಿರುದು ಕೇಳಿಯೇ ತಲೆ ತಿರುಗಿತು.

"ನಟರು ಬೇಡ, ನಿಜವಾದ ಮುಖಗಳು ಬೇಕು" ಎಂದರು ಅವರು. ನಿಜವಾದ ಮುಖಗಳು ಸಂಬಳವಿಲ್ಲದೆ, ಬರೀ ಊಟ ಹಾಕಿದರೆ ಬರುತ್ತವೆಂಬುದೂ ಆ ಕಲಾತತ್ವದೊಳಗೇ ಇತ್ತು.

ಮೊದಲ ದೃಶ್ಯದಲ್ಲಿ ಒಬ್ಬ ಅಜ್ಜಿಯ ಸಾವು. ಹೆಣವಾಗುವವರನ್ನು ಹುಡುಕಬೇಕಿತ್ತು. ಗೌರಿಬಿದನೂರಿನಲ್ಲಿ ಒಬ್ಬಾಕೆ ಪೊರಕೆ ಎತ್ತಿದಳು. ಕೊನೆಗೆ ಶಿಡ್ಲಘಟ್ಟದ ಹತ್ತಿರದ ಹಳ್ಳಿಯಲ್ಲಿ, ರೇಷ್ಮೆಹುಳುವಿಗೆ ಸೊಪ್ಪು ಹಾಕುತ್ತಿದ್ದ ಅಜ್ಜಿಯೊಬ್ಬಳು ಸಿಕ್ಕಳು.

"ಮಾತಾಡಂಗಿಲ್ವೇನಮ್ಮ?"

"ಇಲ್ಲ ಅಜ್ಜಿ, ಸತ್ತಿರ್ತೀರ."

"ಹಂಗಾದ್ರೆ ಸುಲಭ ಬಿಡು."

ಅಳುವುದಕ್ಕೆ ಅವಳ ಸೊಸೆಯನ್ನೇ ಒಪ್ಪಿಸಿದೆ. ಅವರಿಬ್ಬರ ಜಗಳ ಇಡೀ ಬೀದಿಗೆ ಬಾಯಿಪಾಠವೆಂದು ನನಗೆ ಗೊತ್ತಿರಲಿಲ್ಲ.

ಚಿತ್ರೀಕರಣದ ದಿನ ಅಜ್ಜಿ ಹೂಮಾಲೆ ಹಾಕಿಕೊಂಡು ನೆಮ್ಮದಿಯಾಗಿ ಸತ್ತಳು. ಸೊಸೆ ಎದೆ ಬಡಿದುಕೊಂಡು, "ಅಯ್ಯೋ ಅತ್ತೇ, ಇನ್ ನನಗೆ ಯಾರವ್ರೇ ದಿಕ್ಕು!" ಎಂದು ಗೋಳಿಟ್ಟಳು. ಎಲ್ಲರ ಕಣ್ಣೂ ತುಂಬಿತು, ನನ್ನದೂ. ಆಗ ಹೆಣ ಎದ್ದು ಕೂತಿತು.

"ನಿಲ್ಸೇ! ಬದುಕಿರೋ ಅತ್ತೆಗೆ ಒಂದ್ ಲೋಟ ಕಾಫಿ ಬಿಸಿಯಾಗಿ ಕೊಡ್ಲಿಲ್ಲ, ಸತ್ ಮೇಲೆ ಇಷ್ಟೊಂದು ಮರ್ಯಾದೆನೇನೇ?"

ಸೊಸೆಯ ಕಣ್ಣೀರು ತಕ್ಷಣ ನಿಂತಿತು. "ಕೊಟ್ಟಾಗೆಲ್ಲ ಸಕ್ಕರೆ ಕಮ್ಮಿ ಅಂತ ಮುಖ ತಿರುಗಿಸ್ತಿದ್ದೋರು ಯಾರು?"

ಕನ್ನಡ ಸಾಲದೆ ಅಜ್ಜಿ ತೆಲುಗಿಗೆ ಹೊರಳಿದಳು. ಕ್ಯಾಮೆರಾ ಓಡುತ್ತಲೇ ಇತ್ತು. ಮತ್ತೊಮ್ಮೆ ಮಲಗಿ ಎಂದು ನಿರ್ದೇಶಕರು ಕೈಮುಗಿದರು.

"ಒಂದ್ಸಲ ಸತ್ತಾಯ್ತಲ್ಲಪ್ಪ. ಎಷ್ಟ್ ಸಲ ಸಾಯ್ಲಿ?"

ನಿರ್ದೇಶಕರು ನನ್ನನ್ನು ಪಕ್ಕಕ್ಕೆ ಕರೆದು ಚೆನ್ನಾಗಿ ಬೈದರು. ಒಂದು ಹೆಣವನ್ನು ನೆಟ್ಟಗೆ ಆರಿಸಲು ಬರದವಳು ನಾನು! ನಾಚಿಕೆಯಿಂದ ಕುಗ್ಗಿಹೋದೆ. ಆದರೆ ಚಿತ್ರೀಕರಿಸಿದ್ದನ್ನು ಸಂಜೆ ನೋಡಿದ ಕೂಡಲೇ ಅವರೇ ಕತೆ ಬದಲಿಸಿದರು. ಚಿತ್ರದಲ್ಲಿ ಅಜ್ಜಿ ಕೊನೆಯವರೆಗೂ ಬದುಕಿದಳು, ಜಗಳವೂ ಬದುಕಿತು.

ಚಿತ್ರೋತ್ಸವಗಳಲ್ಲಿ ಜನ ಚಪ್ಪಾಳೆ ತಟ್ಟಿದ್ದು ಆ ಜಗಳಕ್ಕೇ. ಅದು ತಮ್ಮ ಅನೇಕ ವರ್ಷಗಳ ಚಿಂತನೆಯ ಫಲವೆಂದು ನಿರ್ದೇಶಕರು ವೇದಿಕೆಯ ಮೇಲೆ ವಿನಯದಿಂದ ಹೇಳಿಕೊಂಡರು. ನಾನೂ ಚಪ್ಪಾಳೆ ತಟ್ಟಿದೆ.

ಚಿತ್ರದ ಡಿವಿಡಿ ಹಿಡಿದು ಅಜ್ಜಿಯ ಮನೆಗೆ ಹೋದೆ. ಬೀದಿಯೆಲ್ಲ ಬಂದು ನೋಡಿತು. ಅತ್ತೆ ಸೊಸೆ ಒಬ್ಬರ ಮೈಮೇಲೊಬ್ಬರು ಬಿದ್ದು ನಕ್ಕರು. ಕೊನೆಯಲ್ಲಿ ಚಿತ್ರಕ್ಕೆ ದುಡಿದವರ ಹೆಸರುಗಳು ಬರುವಷ್ಟರಲ್ಲಿ ಎಲ್ಲರೂ ಎದ್ದಿದ್ದರು. ನನ್ನ ಹೆಸರು ಜನರೇಟರ್ ಬಾಡಿಗೆಯವರ ಕೆಳಗಿತ್ತು. ಅದನ್ನು ಓದಿದವಳು ನಾನೊಬ್ಬಳೇ.